ಬೆಟ್ಟದ ಜೀವ, ಬಯಲಿನ ಜೀವ

ಶಿವರಾಮ ಕಾರಂತರ ‘ಬೆಟ್ಟದ ಜೀವ’ ಅಚ್ಚಾದದ್ದು 1943ರಲ್ಲಿ. ಅಂದಿನಿಂದ ಇಂದಿನವರೆಗೆ ಆ ಕಾದಂಬರಿಯನ್ನು ಕುರಿತು ಬಂದ ಮಾತುಗಳಲ್ಲಿ ಹೆಚ್ಚಿನವು ಒಂದೇ ಜಾಡು ಹಿಡಿದು ನಡೆದಿವೆ. ಗೋಪಾಲಯ್ಯನವರೆಂದರೆ ಜೀವನೋತ್ಸಾಹದ ಮೂರ್ತಿ, ಕಾಡಿನ ನಡುವೆ ತೋಟ ಎಬ್ಬಿಸಿದ ಸಾಹಸಿ, ಮುಪ್ಪಿನಲ್ಲಿಯೂ ಹೆಂಡತಿಯನ್ನು ಚುಡಾಯಿಸುವ ರಸಿಕ, ದಾರಿ ತಪ್ಪಿ ಬಂದವನನ್ನು ಮನೆಮಗನಂತೆ ಉಪಚರಿಸುವ ದೊಡ್ಡ ಮನುಷ್ಯ. ಹೀಗೆ ನಾವೆಲ್ಲ ಹೇಳಿಕೊಂಡು ಬಂದಿದ್ದೇವೆ. ಕಲಬುರಗಿಯ ಸಭೆಗಳಲ್ಲಿ ನಾನೇ ಎರಡು ಮೂರು ಬಾರಿ ಇದೇ ಮಾತನ್ನು ಆಡಿ ಚಪ್ಪಾಳೆ ಗಿಟ್ಟಿಸಿದ್ದುಂಟು. ಆ ಮಾತು ಸುಳ್ಳೆಂದು ಈಗ ಹೇಳಹೊರಟಿಲ್ಲ. ಅದು ಅರ್ಧ ಮಾತು. ಅರ್ಧ ಮಾತನ್ನೇ ಪೂರ್ತಿ ಮಾತೆಂದು ನಂಬಿದ್ದರಿಂದ ನಾನು ಪುಸ್ತಕಕ್ಕೂ ಅನ್ಯಾಯ ಮಾಡಿದೆ, ಒಬ್ಬ ಮನುಷ್ಯನಿಗೂ ಅನ್ಯಾಯ ಮಾಡಿದೆ. ಈ ಬರಹ ಆ ಎರಡನ್ನೂ ಸ್ವಲ್ಪಮಟ್ಟಿಗೆ ಸರಿಪಡಿಸುವ ಪ್ರಯತ್ನ.

ಕಥೆ ವಾಚಕರಿಗೆ ತಿಳಿದದ್ದೇ. ‘ನಾನು’ ಎಂದು ಕಥೆ ಹೇಳುವಾತ ಸುಬ್ರಹ್ಮಣ್ಯದ ಕಡೆಯ ಕಾಡಿನಲ್ಲಿ ದಾರಿ ತಪ್ಪುತ್ತಾನೆ. ಇಬ್ಬರು ಹಳ್ಳಿಗರು ಆತನನ್ನು ಗೋಪಾಲಯ್ಯನವರ ಮನೆಗೆ ಮುಟ್ಟಿಸುತ್ತಾರೆ. ಸುತ್ತಲೂ ಕಾಡು, ಕುಮಾರಪರ್ವತದ ಸಾಲು, ಹುಲಿಯ ಭಯ. ಅದರ ನಡುವೆ ಮುದುಕ ಗೋಪಾಲಯ್ಯ, ಆತನ ಹೆಂಡತಿ ಶಂಕರಮ್ಮ. ಮಗ ಶಂಭು ಮನೆ ಬಿಟ್ಟು ಹೋದವನು ಮರಳಿಲ್ಲ. ತೋಟವನ್ನು ನೋಡಿಕೊಳ್ಳಲು ನಾರಾಯಣನೆಂಬವನನ್ನೂ ಅವನ ಹೆಂಡತಿ ಲಕ್ಷ್ಮಿಯನ್ನೂ ತಮ್ಮವರಂತೆ ಇರಿಸಿಕೊಂಡಿದ್ದಾರೆ. ಬಂದ ಅತಿಥಿ ಹೊರಡುತ್ತೇನೆನ್ನುತ್ತಾನೆ, ಗೋಪಾಲಯ್ಯ ಬಿಡುವುದಿಲ್ಲ. ಒಂದು ದಿನ ಇನ್ನೊಂದಾಗುತ್ತದೆ. ಊಟ, ತಿರುಗಾಟ, ಹುಲಿಯ ಬೇಟೆ, ಮಾತು, ಮತ್ತೆ ಮಾತು. ಮಾತಿನ ನಡುವೆ ಆಗಾಗ ಮಗನ ನೆನಪು ಇಣುಕಿ ಹೋಗುತ್ತದೆ.

ಈ ‘ಬಿಡುವುದಿಲ್ಲ’ ಎಂಬುದನ್ನು ನಾನು ಬಹುಕಾಲ ಆತಿಥ್ಯವೆಂದೇ ಓದಿದೆ. ನಮ್ಮ ದೇಶದಲ್ಲಿ ಆತಿಥ್ಯ ಸದ್ಗುಣ. ಸದ್ಗುಣಕ್ಕೆ ಕಾರಣ ಹುಡುಕುವ ರೂಢಿ ನಮಗಿಲ್ಲ. ಕಾರಣ ಹುಡುಕುವಂತೆ ಮಾಡಿದ್ದು ಕಮಲಾಪುರದ ಹತ್ತಿರದ ಒಂದು ಹೊಲ.

ನಮ್ಮ ಕಡೆ ಹೇಳಿಕೊಳ್ಳುವಂಥ ಬೆಟ್ಟವಿಲ್ಲ. ಕಾಡು ನೋಡಬೇಕೆಂದರೆ 2011ರಲ್ಲಿ ವನ್ಯಜೀವಿಧಾಮವೆಂದು ಘೋಷಿತವಾದ ಚಿಂಚೋಳಿಯ ಅರಣ್ಯಕ್ಕೆ ಹೋಗಬೇಕು. ಉಳಿದದ್ದೆಲ್ಲ ಎರೆಯ ಬಯಲು. ಕಲಬುರಗಿಯಿಂದ ಹುಮನಾಬಾದಿನ ರಸ್ತೆ ಹಿಡಿದರೆ ಊರಿನ ಕೊನೆಯ ಮನೆಗಳು ದಾಟಿದ ಮೇಲೆ ಕಣ್ಣಿಗೆ ತಡೆಯೆಂಬುದೇ ಇಲ್ಲ. ಮಳೆಗಾಲದಲ್ಲಿ ತೊಗರಿ, ಚಳಿಗಾಲದಲ್ಲಿ ಬಿಳಿಜೋಳ, ಬೇಸಿಗೆಯಲ್ಲಿ ಬಿರುಕು ಬಿಟ್ಟ ಕಪ್ಪು ನೆಲ. ಕಮಲಾಪುರದ ಸುತ್ತ ನೀರಿದ್ದ ಕಡೆ ಮಾತ್ರ ಹೆಸರಾದ ಕೆಂಪು ಬಾಳೆಯ ತೋಟಗಳು ಹಸುರಾಗಿ ಕಾಣುತ್ತವೆ. ಇಲ್ಲಿಯ ಒಂದು ಪದಬಳಕೆ ಮೈಸೂರು ಕಡೆಯ ವಾಚಕರಿಗೆ ವಿಚಿತ್ರವಾಗಿ ತೋರೀತು. ನಮ್ಮ ಹಳ್ಳಿಗಳಲ್ಲಿ ‘ಅಡವಿ’ ಎಂದರೆ ಮರಗಳ ಕಾಡೇ ಆಗಬೇಕಿಲ್ಲ. ಊರ ಹೊರಗಿನ ಹೊಲವೂ ಅಡವಿಯೇ. ‘ಅಡವ್ಯಾಗ ಹೋಗ್ಯಾರ’ ಎಂದರೆ ಹೊಲಕ್ಕೆ ಹೋಗಿದ್ದಾರೆಂದು ಅರ್ಥ. ಮನುಷ್ಯ ಉತ್ತು ಬಿತ್ತಿದ ನೆಲವನ್ನೂ ಜನ ಅಡವಿಯೆಂದೇ ಕರೆದಿದ್ದಾರೆ. ಹಾಗೆ ಕರೆದವರು ಮರಗಳನ್ನು ಎಣಿಸಿದವರಲ್ಲ, ಕೂಗಿದರೆ ಓಗೊಡುವವರನ್ನು ಎಣಿಸಿದವರು ಎಂದು ನನಗೆ ತೋರುತ್ತದೆ.

ಇಂಥ ಅಡವಿಯಲ್ಲಿ ನಮ್ಮ ಕಾಕಾ ಇದ್ದಾರೆ. ಕಮಲಾಪುರದಿಂದ ಒಂದೂವರೆ ಹರದಾರಿ ಒಳಗೆ ಹೊಲ. ಹೊಲದಲ್ಲಿಯೇ ಎರಡು ಅಂಕಣದ ಮನೆ, ಒಂದು ಬಾವಿ, ಒಂದು ಬೇವಿನ ಮರ. ಮಕ್ಕಳಿಬ್ಬರೂ ದುಡಿಮೆಗೆಂದು ಪುಣೆ, ಬೆಂಗಳೂರು ಸೇರಿದರು. ಊರೊಳಗಿನ ಮನೆ ಬಿದ್ದ ಮೇಲೆ ಕಾಕಾ ಮತ್ತು ಕಾಕು ಹೊಲದ ಮನೆಯಲ್ಲಿಯೇ ನಿಂತರು. ಕೆಲವು ವರ್ಷಗಳ ಹಿಂದೆ ಕಾಕು ತೀರಿಕೊಂಡರು. ಆಗ ಮನೆಯವರೆಲ್ಲ ಕೂಡಿ ಕಾಕಾನನ್ನು ಕಲಬುರಗಿಗೆ ಕರೆತರುವ ಮಾತೆತ್ತಿದಾಗ ಅದನ್ನು ತಡೆದವನು ನಾನು. ‘ಅವರನ್ನು ಅಲ್ಲಿಂದ ಕೀಳಬೇಡಿರಿ, ಅವರು ಬೆಟ್ಟದ ಜೀವ; ಆ ಮಣ್ಣಿನಲ್ಲಿಯೇ ಅವರ ಸುಖವಿದೆ’ ಎಂದೆ. ಓದಿದವನ ಮಾತೆಂದು ಎಲ್ಲರೂ ಒಪ್ಪಿದರು. ಒಪ್ಪುವುದು ಎಲ್ಲರಿಗೂ ಅನುಕೂಲವಾಗಿತ್ತು, ನನಗೂ ಅನುಕೂಲವಾಗಿತ್ತು ಎಂಬುದನ್ನು ಇಲ್ಲಿ ಮುಚ್ಚಿಡಲಾರೆ. ಒಂದು ಕಾದಂಬರಿಯ ಪಾತ್ರವನ್ನು ತಂದು, ಒಬ್ಬ ಜೀವಂತ ಮುದುಕನನ್ನು ಒಂಟಿಯಾಗಿ ಬಿಡುವುದಕ್ಕೆ ನೆಪವಾಗಿ ಬಳಸಿಕೊಂಡೆ.

ಎಳ್ಳ ಅಮಾವಾಸ್ಯೆಯ ದಿನ ನಮ್ಮ ಭಾಗದಲ್ಲಿ ಊರಿಗೆ ಊರೇ ಹೊಲಕ್ಕೆ ಹೋಗುತ್ತದೆ. ಸಜ್ಜೆಯ ರೊಟ್ಟಿ, ಭಜ್ಜಿ, ಹೋಳಿಗೆ ಕಟ್ಟಿಕೊಂಡು ಹೋಗಿ, ನಿಂತ ಬೆಳೆಗೆ ಚರಗ ಚೆಲ್ಲಿ, ಮರದಡಿ ಕೂತು ಉಂಡು, ಸಂಜೆಗೆ ಮರಳುವುದು ಪದ್ಧತಿ. ಕಾಕು ಹೋದ ಮೂರನೆಯ ವರ್ಷ ನಾವು ಹದಿನಾರು ಹದಿನೇಳು ಮಂದಿ ಕಾಕಾನ ಹೊಲಕ್ಕೆ ಹೋದೆವು. ಬೆಳಗಿನಿಂದ ಸಂಜೆಯವರೆಗೆ ಕಾಕಾ ಮಾತನಾಡುತ್ತಲೇ ಇದ್ದರು. ಬಾವಿ ತೋಡಿಸಿದ ಕಥೆ, ಬೇವಿನ ಸಸಿ ನೆಟ್ಟ ಕಥೆ, ಹಿಂದೆಂದೋ ಕಳೆದ ಎತ್ತು ತಿರುಗಿ ಬಂದ ಕಥೆ. ಹುಡುಗರು ನಕ್ಕರು. ‘ಕಾಕಾ ಎಷ್ಟು ಖುಷಿಯಾಗಿದ್ದಾರೆ, ನೀವು ಹೇಳಿದ್ದು ಖರೆ’ ಎಂದು ನನ್ನ ಹೆಂಡತಿ ಹೇಳಿದಳು. ಬಿಸಿಲು ಇಳಿದು ನಾವು ಬುತ್ತಿಗಂಟು ಕಟ್ಟತೊಡಗಿದಾಗ ಅವರು ನನ್ನ ಕೈ ಹಿಡಿದುಕೊಂಡರು.

‘ತಮ್ಮಾ, ಇಷ್ಟ್ ಗಡಿಬಿಡಿ ಏನದ? ಒಂದ್ ಗಳಗಿ ಕೂಡು. ಬಸ್ಸೇನ್ ಓಡಿ ಹೋಗಂಗಿಲ್ಲ.’

ಕೂತೆ. ಬೇವಿನ ಸಸಿಯ ಕಥೆಯನ್ನು ಮತ್ತೆ ಮೊದಲಿನಿಂದ ಆರಂಭಿಸಿದರು. ಅದನ್ನು ಮಧ್ಯಾಹ್ನವಷ್ಟೇ ಹೇಳಿದ್ದೆನೆಂಬುದು ಅವರಿಗೆ ತಿಳಿದಿತ್ತು. ಅದು ಅವರ ಕಣ್ಣಿನಲ್ಲಿ ಕಾಣುತ್ತಿತ್ತು. ಹೇಳಲು ಬೇರೆ ಕಥೆ ಉಳಿದಿರಲಿಲ್ಲ, ನಾವು ಏಳುವುದನ್ನು ತಡೆಯಬೇಕಾಗಿತ್ತು. ಹಿಡಿದ ಕೈ ಬಿಗಿಯಾಗಿತ್ತು. ಗಾಡಿ ಹತ್ತಿದ ಮೇಲೆ ತಿರುಗಿ ನೋಡಿದೆ. ಅಷ್ಟು ದೊಡ್ಡ ಬಯಲಿನಲ್ಲಿ ಒಂದು ಮರ, ಅದರ ಕೆಳಗೆ ಒಂದು ಬಿಳಿ ಧೋತರ. ಕತ್ತಲಾಗುತ್ತಿತ್ತು. ಆ ರಾತ್ರಿ ಕಲಬುರಗಿಯ ಮನೆಯಲ್ಲಿ ‘ಬೆಟ್ಟದ ಜೀವ’ವನ್ನು ತೆಗೆದು ಓದತೊಡಗಿದೆ. ಪುಸ್ತಕ ಬೇರೆಯೇ ಆಗಿ ಕಂಡಿತು.

ಮೊದಲು ಕಂಡದ್ದು, ಇದು ಮಾತಿನ ಕಾದಂಬರಿ ಎಂಬುದು. ಕಾಡಿನ ವರ್ಣನೆಗೆ ಹೆಸರಾದ ಈ ಪುಸ್ತಕದಲ್ಲಿ ಕಾಡಿಗಿಂತ ಹೆಚ್ಚಾಗಿ ಕೇಳಿಬರುವುದು ಗೋಪಾಲಯ್ಯನವರ ದನಿ. ಆ ಮನುಷ್ಯನಿಗೆ ದಣಿವೆಂಬುದಿಲ್ಲ. ಗುಡ್ಡ ಹತ್ತುವಾಗಲೂ ಮಾತು, ಉಣ್ಣುವಾಗಲೂ ಮಾತು. ಇದನ್ನು ನಾವು ಉತ್ಸಾಹವೆಂದು ಕರೆದೆವು. ಮೈಲುಗಟ್ಟಲೆ ನಡೆದುಬಂದವನು ಚೊಂಬು ನೀರನ್ನು ಗಟಗಟ ಕುಡಿಯುವಾಗ ಅವನಿಗೆ ನೀರಿನ ಮೇಲೆ ಎಷ್ಟು ಉತ್ಸಾಹ ಎಂದು ಯಾರೂ ಹೊಗಳುವುದಿಲ್ಲ. ಎರಡನೆಯದಾಗಿ ಕಂಡದ್ದು, ಅತಿಥಿಯ ಪ್ರಯಾಣ ಪದೇ ಪದೇ ಮುಂದಕ್ಕೆ ಹೋಗುವ ರೀತಿ. ಪ್ರತಿ ಸಲವೂ ಒಂದು ಹೊಸ ಕಾರಣ ಒದಗುತ್ತದೆ, ಆ ಕಾರಣಗಳೆಲ್ಲ ಸಹಜವಾಗಿಯೇ ಇವೆ. ಕಾರಂತರು ಎಲ್ಲಿಯೂ ಬೆರಳಿಟ್ಟು ತೋರಿಸುವುದಿಲ್ಲ. ಮೂರನೆಯದು, ಗಂಡ ಹೆಂಡಿರ ಸರಸ. ಇಡೀ ಲೋಕದಲ್ಲಿ ತಮಗೆ ತಾವಿಬ್ಬರೇ ಆಗಿ ಉಳಿದವರು, ಮೌನ ನಡುವೆ ಬಂದು ಕೂರದಂತೆ ಕಟ್ಟಿಕೊಂಡ ಬೇಲಿ ಅದು ಎಂದು ಈಗ ನನಗೆ ಅನಿಸುತ್ತದೆ. ನಾಲ್ಕನೆಯದು, ನಾರಾಯಣನ ಸಂಸಾರವನ್ನು ಹತ್ತಿರದಲ್ಲಿ ಉಳಿಸಿಕೊಳ್ಳುವ ಕಾಳಜಿ. ತೋಟಕ್ಕೆ ಆಳು ಬೇಕು, ನಿಜ. ಮಗನಿಲ್ಲದ ಮನೆಗೆ ಒಂದು ಸಂಸಾರದ ಸದ್ದೂ ಬೇಕು.

ಇಲ್ಲಿ ಒಂದು ಆಕ್ಷೇಪ ಏಳಬಹುದು. ‘ನಿಮ್ಮ ಕಾಕಾನನ್ನು ಕಂಡು ನೀವು ಗೋಪಾಲಯ್ಯನವರನ್ನು ಓದುತ್ತಿದ್ದೀರಿ, ಇದು ವಿಮರ್ಶೆಯೇ?’ ಎಂದು. ಆಕ್ಷೇಪ ನ್ಯಾಯವಾದದ್ದೇ. ಜೀವನದ ಅನುಭವ ನಮ್ಮ ಕಣ್ಣನ್ನು ತೆರೆಸಬಹುದು, ಪುಸ್ತಕದಲ್ಲಿಲ್ಲದ್ದನ್ನು ಅಲ್ಲಿ ತುಂಬುವ ಅಧಿಕಾರವನ್ನು ಅದು ಕೊಡುವುದಿಲ್ಲ. ಆದ್ದರಿಂದ ಒಂಟಿತನವೆಂಬುದು ದೊಡ್ಡ ನಿರ್ಜನದಲ್ಲಿ ಮನಸ್ಸನ್ನು ಏನು ಮಾಡುತ್ತದೆಂಬುದಕ್ಕೆ ಬೇರೆ ಸಾಕ್ಷಿಗಳನ್ನು ಹುಡುಕಿದೆ.

ಡಿಫೋ 1719ರಲ್ಲಿ ಬರೆದ ‘ರಾಬಿನ್ಸನ್ ಕ್ರೂಸೋ’ ಎಲ್ಲರಿಗೂ ಗೊತ್ತು. ಅದರ ಹಿಂದಿದ್ದ ನಿಜವಾದ ಮನುಷ್ಯರಲ್ಲಿ ಅಲೆಗ್ಸಾಂಡರ್ ಸೆಲ್ಕರ್ಕ್ ಎಂಬ ಸ್ಕಾಟ್ಲೆಂಡಿನ ನಾವಿಕನೊಬ್ಬ. 1704ರಿಂದ 1709ರವರೆಗೆ, ನಾಲ್ಕು ವರ್ಷಕ್ಕೂ ಮೇಲೆ, ಚಿಲಿಯ ದೂರದ ಹ್ವಾನ್ ಫರ್ನಾಂಡಿಸ್ ದ್ವೀಪದಲ್ಲಿ ಒಬ್ಬನೇ ಇದ್ದ. ಅವನನ್ನು ಪಾರುಮಾಡಿದ ಹಡಗಿನ ನಾಯಕ ವುಡ್ಸ್ ರೋಜರ್ಸ್ ಬರೆದಿಟ್ಟ ಪ್ರಕಾರ, ಅವನ ಮೈ ಗಟ್ಟಿಯಾಗಿತ್ತು, ಆಡುಗಳನ್ನು ಓಡಿ ಹಿಡಿಯಬಲ್ಲವನಾಗಿದ್ದ. ಕೆಟ್ಟಿದ್ದು ಮಾತು. ಬಳಕೆಯಿಲ್ಲದೆ ನುಡಿ ಅರ್ಧ ಮರೆತುಹೋಗಿ, ಅವನು ಆಡಿದ್ದು ತಿಳಿಯುವುದೇ ಕಷ್ಟವಾಗಿತ್ತಂತೆ. ಕ್ರೂಸೋನನ್ನು ಓದುವ ನಾವು ಅವನ ಕೊಡಲಿ, ಗೋಧಿ, ಗುಡಿಸಲುಗಳನ್ನು ಮೆಚ್ಚುತ್ತೇವೆ. ನಿಜವಾದ ಸೆಲ್ಕರ್ಕನ ನಾಲಗೆಗೆ ಆದದ್ದನ್ನು ಮರೆಯುತ್ತೇವೆ.

ಇನ್ನೊಬ್ಬ ಸಾಕ್ಷಿ ಅಮೆರಿಕದ ನೌಕಾಧಿಕಾರಿ ರಿಚರ್ಡ್ ಬರ್ಡ್. 1934ರ ಚಳಿಗಾಲದಲ್ಲಿ ಅಂಟಾರ್ಕ್ಟಿಕದ ಹಿಮದ ಬಯಲಿನಲ್ಲಿ, ತನ್ನ ಸಂಗಡಿಗರ ಶಿಬಿರದಿಂದ ನೂರು ಮೈಲಿಗೂ ಆಚೆ, ಹಿಮದೊಳಗೆ ಹೂತ ಒಂದು ಕೋಣೆಯಲ್ಲಿ ನಾಲ್ಕೂವರೆ ತಿಂಗಳು ಒಬ್ಬನೇ ಇದ್ದ. ಹವಾಮಾನವನ್ನು ದಾಖಲಿಸುವುದು ಕೆಲಸ. ಏಕಾಂತದ ಶಾಂತಿಯನ್ನು ಸವಿಯುವುದು ಆತನ ಒಳಗಿನ ಆಸೆ. ಒಲೆಯ ಮತ್ತು ಯಂತ್ರದ ಹೊಗೆಯಲ್ಲಿದ್ದ ವಿಷಾನಿಲ ಮೈಗೇರಿ ಆತ ಸಾಯುವ ಸ್ಥಿತಿಗೆ ಬಂದ. ಆದರೂ ರೇಡಿಯೋದಲ್ಲಿ ಶಿಬಿರಕ್ಕೆ ತಾನು ಚೆನ್ನಾಗಿದ್ದೇನೆಂದೇ ತಿಳಿಸುತ್ತಿದ್ದ. ತನ್ನನ್ನು ಕಾಪಾಡಲು ಕತ್ತಲಲ್ಲಿ ಹೊರಟು ಬೇರೆಯವರು ಪ್ರಾಣ ಕಳೆದುಕೊಂಡಾರೆಂಬ ಅಂಜಿಕೆ. ಆತನ ಸಂದೇಶಗಳು ಅಸ್ತವ್ಯಸ್ತವಾಗತೊಡಗಿದಾಗ ಅಲ್ಲಿದ್ದವರಿಗೆ ಸಂಶಯ ಬಂತು. ಆಗಸ್ಟಿನಲ್ಲಿ ಮೂವರು ಹೋಗಿ ಮುಟ್ಟಿದರು. 1938ರಲ್ಲಿ ಈ ಅನುಭವವನ್ನು ಆತ ‘ಅಲೋನ್’ ಎಂಬ ಪುಸ್ತಕವಾಗಿ ಬರೆದ. ಅದನ್ನು ಓದುವಾಗ ನನಗೆ ಕಾಕಾನ ಮೊಬೈಲ್ ಫೋನು ನೆನಪಾಯಿತು. ಮಕ್ಕಳು ಪುಣೆಯಿಂದ, ಬೆಂಗಳೂರಿನಿಂದ ಕೇಳಿದಾಗಲೆಲ್ಲ ಅವರು ಹೇಳುವುದು ಒಂದೇ ಮಾತು. ‘ಆರಾಮ ಅದೀನಿ. ನೀವ್ ಆರಾಮ ಇರ್ರಿ.’

1950ರ ದಶಕದಲ್ಲಿ ಕೆನಡದ ಮೆಕ್‌ಗಿಲ್ ವಿಶ್ವವಿದ್ಯಾಲಯದಲ್ಲಿ ನಡೆದ ಪ್ರಯೋಗಗಳೂ ಇದೇ ದಿಕ್ಕಿನವು. ವಿದ್ಯಾರ್ಥಿಗಳಿಗೆ ಹಣ ಕೊಟ್ಟು, ಕಣ್ಣಿಗೆ ಮಸುಕು ಕನ್ನಡಕ ಹಾಕಿ, ಕೈಗಳನ್ನು ಮುಚ್ಚಿ, ಏನೂ ಮಾಡದೆ ಮಲಗಿರಲು ಹೇಳಿದರು. ಕೆಲವೇ ದಿನಗಳಲ್ಲಿ ಹಲವರಿಗೆ ಇಲ್ಲದ ಚಿತ್ರಗಳು ಕಾಣತೊಡಗಿದವು. ಹೆಚ್ಚು ದಿನ ತಡೆದುಕೊಂಡವರು ಕಡಿಮೆ. ಮನಸ್ಸು ಖಾಲಿ ಇರಲೊಲ್ಲದು. ಹೊರಗಿನಿಂದ ಏನೂ ಬರದಿದ್ದರೆ ಒಳಗಿನಿಂದಲೇ ಜನರನ್ನು ಕರೆದು ತರುತ್ತದೆ. ಹೊಲದಲ್ಲಿ ಕಾಕಾ ಎತ್ತುಗಳೊಡನೆ, ಒಮ್ಮೊಮ್ಮೆ ತೀರಿಹೋದ ಕಾಕುವಿನೊಡನೆ ಮಾತನಾಡುತ್ತಿದ್ದುದನ್ನು ಪಕ್ಕದ ಹೊಲದವರು ನಗುತ್ತ ಹೇಳಿದ್ದರು. ಅದರಲ್ಲಿ ಹುಚ್ಚೇನೂ ಇರಲಿಲ್ಲ. ಸೆಲ್ಕರ್ಕನು ಕಳೆದುಕೊಂಡದ್ದನ್ನು ಈ ಮುದುಕ ಉಳಿಸಿಕೊಳ್ಳುತ್ತಿದ್ದ.

ಹೊರನಾಡಿನ ಸಾಕ್ಷಿಗಳನ್ನು ಇಷ್ಟಕ್ಕೆ ನಿಲ್ಲಿಸಿ ನಮ್ಮಲ್ಲಿಗೆ ಬರೋಣ. ಏಕಾಂತವೆಂದೊಡನೆ ನಮಗೆ ತಪಸ್ಸು ನೆನಪಾಗುತ್ತದೆ. ಅಡವಿಗೆ ಹೋದವನು ಶಾಂತನಾಗಿ ಬರುತ್ತಾನೆಂಬ ನಂಬಿಕೆ ನಮ್ಮ ರಕ್ತದಲ್ಲಿಯೇ ಇದೆ. ಆದರೆ ನಮ್ಮ ಹಳೆಯ ಕವಿಗಳು ಇದನ್ನು ಇಷ್ಟು ಸುಲಭವಾಗಿ ಒಪ್ಪಿದವರಲ್ಲ. ಕಲಬುರಗಿಯಿಂದ ಸೇಡಂ ಕಡೆ ಹೋದರೆ ಮಳಖೇಡ ಸಿಗುತ್ತದೆ. ಅದೇ ರಾಷ್ಟ್ರಕೂಟರ ಮಾನ್ಯಖೇಟ. ಅಮೋಘವರ್ಷ ನೃಪತುಂಗನ ಗುರುಗಳಾದ ಜಿನಸೇನಾಚಾರ್ಯರು 9ನೆಯ ಶತಮಾನದಲ್ಲಿ ಸಂಸ್ಕೃತದಲ್ಲಿ ಆದಿಪುರಾಣವನ್ನು ಬರೆದರು. ಅದನ್ನು ಆಧರಿಸಿ 941ರಲ್ಲಿ ಪಂಪ ಕನ್ನಡದಲ್ಲಿ ಬರೆದ. ಅಲ್ಲಿ ಬಾಹುಬಲಿ ರಾಜ್ಯವನ್ನು ಗೆದ್ದು ಬಿಟ್ಟು ಅಡವಿಗೆ ಹೋಗಿ ಒಂದು ವರ್ಷ ನಿಂತೇ ಇರುತ್ತಾನೆ. ಕಾಲಿಗೆ ಬಳ್ಳಿ ಹಬ್ಬುತ್ತದೆ, ಬುಡದಲ್ಲಿ ಹುತ್ತ ಏಳುತ್ತದೆ. ಶ್ರವಣಬೆಳಗೊಳದ ವಿಗ್ರಹದ ಮೇಲೆ ಆ ಬಳ್ಳಿಯನ್ನು ಎಲ್ಲರೂ ನೋಡಿದ್ದೇವೆ. ಇಷ್ಟಾದರೂ ಜ್ಞಾನವಾಗುವುದಿಲ್ಲ. ಅಣ್ಣನನ್ನು ಕುರಿತ ಒಂದು ಮುಳ್ಳು ಒಳಗೆ ಉಳಿದಿರುತ್ತದೆ. ಭರತನೇ ಬಂದು ತಲೆಬಾಗಿದ ಮೇಲೆ ಆ ಮುಳ್ಳು ಕಳಚುತ್ತದೆ. ಕಥೆಯ ಈ ತಿರುವಿನ ಕಡೆ ನಾವು ಸಾಕಷ್ಟು ಗಮನ ಕೊಟ್ಟಿಲ್ಲ. ವರ್ಷದ ಏಕಾಂತ ಮಾಡಲಾರದ್ದನ್ನು ಇನ್ನೊಬ್ಬ ಮನುಷ್ಯನ ಬರವು ಮಾಡಿತು.

ಆಳಂದ ನಮ್ಮ ಜಿಲ್ಲೆಯ ಊರು. ಅಲ್ಲಿಯ ರಾಮಯ್ಯ ಏಕಾಂತದಲ್ಲಿ ಶಿವನನ್ನು ಪೂಜಿಸುತ್ತಿದ್ದುದರಿಂದ ಏಕಾಂತದ ರಾಮಯ್ಯನೆನಿಸಿದ; ಅಬ್ಬಲೂರಿನ ಶಾಸನ ಅವನ ಕಥೆಯನ್ನು ಹೇಳುತ್ತದೆ. ಅಷ್ಟು ಏಕಾಂತ ಪ್ರಿಯನಾದವನು ಕೊನೆಗೆ ಬಂದು ನಿಂತದ್ದು ಅಬ್ಬಲೂರಿನ ಜನಸಂದಣಿಯ ನಡುವೆ, ವಾದದಲ್ಲಿ, ಪಂಥದಲ್ಲಿ. ಅಕ್ಕಮಹಾದೇವಿ ಉಡುತಡಿಯಿಂದ ಕಲ್ಯಾಣಕ್ಕೆ ಬಂದಳು, ಕಲ್ಯಾಣದಿಂದ ಶ್ರೀಶೈಲದ ಕದಳಿಗೆ ಹೋದಳು. ಕಾಡುಮೇಡಿನ ಹಾದಿಯಲ್ಲಿ ಅವಳ ವಚನಗಳು ಯಾರನ್ನಾದರೂ ಕರೆಯುತ್ತಲೇ ಇವೆ. ಹಕ್ಕಿಯನ್ನು, ದುಂಬಿಯನ್ನು, ಚೆನ್ನಮಲ್ಲಿಕಾರ್ಜುನನನ್ನು. ಒಬ್ಬಂಟಿಯಾಗಿ ಹೊರಟವಳ ಬಾಯಲ್ಲಿ ಸಂಬೋಧನೆಯಿಲ್ಲದ ಮಾತು ವಿರಳ. ಭಕ್ತಿಯ ವಿಷಯದಲ್ಲಿ ಹೆಚ್ಚು ಹೇಳಲು ನಾನು ಅರ್ಹನಲ್ಲ. ಭಾಷೆಯ ವಿಷಯದಲ್ಲಿ ಇಷ್ಟು ಹೇಳಬಹುದು. ಏಕಾಂತವನ್ನು ಬಲ್ಲ ನಮ್ಮ ದೊಡ್ಡ ಬರಹವೆಲ್ಲ ಇನ್ನೊಂದು ಕಿವಿಯನ್ನು ಹುಡುಕುವ ಬರಹ.

ಈಗ ಕಾರಂತರ ಕಡೆ ಮತ್ತೆ ತಿರುಗಬಹುದು. ಒಂಟಿತನವನ್ನು ಬರೆಯುವುದರಲ್ಲಿ ಒಂದು ಮೂಲ ತೊಡಕಿದೆ. ಅತಿಥಿ ಮನೆಯೊಳಗೆ ಕಾಲಿಟ್ಟೊಡನೆ ಅಲ್ಲಿಯ ಒಂಟಿತನ ಮರೆಯಾಗುತ್ತದೆ. ಆದ್ದರಿಂದ ಅತಿಥಿಯ ಕಣ್ಣಿಗೆ ಅದು ಎಂದೂ ನೇರವಾಗಿ ಕಾಣದು. ಆತ ಕಾಣುವುದು ನಗು, ಊಟ, ಸಂಭ್ರಮ. ಕಾರಂತರು ಈ ಕಾದಂಬರಿಯನ್ನು ಅತಿಥಿಯ ಬಾಯಿಂದಲೇ ಹೇಳಿಸಿದ್ದಾರೆ. ಹೀಗಾಗಿ ಆ ಮನೆಯ ಉಳಿದ ದಿನಗಳು, ಯಾರೂ ಬಾರದ ಮಳೆಗಾಲದ ಸಂಜೆಗಳು, ಪುಸ್ತಕದೊಳಗೆ ಇಲ್ಲ. ಅವುಗಳನ್ನು ಸಂಭ್ರಮದ ಅತಿಯಿಂದಲೇ ನಾವು ಊಹಿಸಿಕೊಳ್ಳಬೇಕು. ಹದಿನೇಳು ವರ್ಷಗಳ ಮೇಲೆ, 1960ರಲ್ಲಿ, ಅವರು ‘ಅಳಿದ ಮೇಲೆ’ಯನ್ನು ಬರೆದರು. ಅಲ್ಲಿ ಒಂಟಿಯಾದವನು ಯಶವಂತರಾಯ. ಅವನ ಅಡವಿ ಮುಂಬಯಿ ನಗರ. ಆತ ಸತ್ತ ಮೇಲೆ, ಬಿಟ್ಟುಹೋದ ಕಾಗದಪತ್ರಗಳ ಜಾಡು ಹಿಡಿದು ನಿರೂಪಕ ಆತನನ್ನು ಹುಡುಕಿಕೊಂಡು ಹೋಗುತ್ತಾನೆ. ಎರಡು ಕಾದಂಬರಿಗಳನ್ನೂ ಪಕ್ಕ ಪಕ್ಕ ಇಟ್ಟು ನೋಡಿದರೆ ಕಾರಂತರ ಎಚ್ಚರ ಕಾಣುತ್ತದೆ. ಒಂಟಿ ಮನುಷ್ಯನ ಒಳಗೆ ನುಗ್ಗಿ ‘ಹೀಗೆ ಯೋಚಿಸಿದ’ ಎಂದು ಬರೆಯುವ ಸ್ವಾತಂತ್ರ್ಯವನ್ನು ಅವರು ತೆಗೆದುಕೊಳ್ಳಲಿಲ್ಲ. ಒಮ್ಮೆ ಅತಿಥಿಯಾಗಿ ಬಂದರು, ಒಮ್ಮೆ ತಡವಾಗಿ ಬಂದರು. ಎರಡು ಸಲವೂ ಹೊರಗಿನಿಂದಲೇ ಬಂದರು. ಇದು ಅವರ ಪ್ರಾಮಾಣಿಕತೆ.

ಆದರೆ ‘ಬೆಟ್ಟದ ಜೀವ’ದಲ್ಲಿ ಒಂದು ಕೊರತೆಯೂ ಉಂಟು. ಅದು ಶಂಕರಮ್ಮನ ವಿಷಯ. ಗೋಪಾಲಯ್ಯನವರಿಗೆ ಕಾಡು ಎದುರಾಳಿ. ಎದುರಾಳಿಯೂ ಒಂದು ಜೊತೆಯೇ. ಅವರಿಗೆ ತೋಟವಿದೆ, ಕೋವಿಯಿದೆ, ಆಳುಗಳಿದ್ದಾರೆ, ಅತಿಥಿಯೊಡನೆ ಗುಡ್ಡ ಸುತ್ತುವ ಸ್ವಾತಂತ್ರ್ಯವಿದೆ. ಶಂಕರಮ್ಮನಿಗೆ ಅಡಿಗೆಮನೆಯಿದೆ, ಮಗನ ನೆನಪಿದೆ. ಆ ನಿರ್ಜನದ ಭಾರ ಹೆಚ್ಚಾಗಿ ಬಿದ್ದದ್ದು ಯಾರ ಮೇಲೆ ಎಂದು ಕೇಳಿದರೆ ಉತ್ತರ ಸಂದೇಹವಿಲ್ಲದ್ದು. ನಿರೂಪಕ ಆಕೆಯ ದುಃಖವನ್ನು ಗುರುತಿಸುತ್ತಾನೆ, ಮರುಗುತ್ತಾನೆ. ಆದರೂ ಗೋಪಾಲಯ್ಯನವರ ಮಾತಿನ ಮೋಡಿಗೆ ಸಿಕ್ಕು ಅವರ ಹಿಂದೆಯೇ ಹೋಗಿಬಿಡುತ್ತಾನೆ. ಕಾದಂಬರಿಗೆ ‘ಬೆಟ್ಟದ ಜೀವ’ ಎಂದು ಏಕವಚನದ ಹೆಸರಿದೆ. ಅಲ್ಲಿ ಎರಡು ಜೀವಗಳಿದ್ದವು.

ಈ ಆಪಾದನೆಯನ್ನು ಕಾರಂತರ ಮೇಲೆ ಹೊರಿಸುವ ಮೊದಲು ಅದನ್ನು ನನ್ನ ಮೇಲೆ ಹೊರಿಸಿಕೊಳ್ಳಬೇಕು. ಕಾಕು ಬದುಕಿದ್ದಾಗ ಎಷ್ಟೋ ಬಾರಿ ಆ ಹೊಲಕ್ಕೆ ಹೋಗಿದ್ದೇನೆ. ನಾನೂ ಕಾಕಾನೂ ಬೇವಿನಡಿ ಹೊರಸಿನ ಮೇಲೆ ಕೂತು ರಾಶಿಯ ಮಾತು, ಧಾರಣೆಯ ಮಾತು ಆಡುತ್ತಿದ್ದೆವು. ಕಾಕು ಬಾಗಿಲ ಚೌಕಟ್ಟಿಗೆ ಕೈಯಾನಿಸಿ ನಿಂತು ಕೇಳುತ್ತಿದ್ದರು. ಹೊರಡುವಾಗ ಒಂದೇ ಪ್ರಶ್ನೆ: ‘ಮತ್ತ್ಯಾವಾಗ ಬರ್ತಿ?’ ನಾನು ಯಾವುದೋ ತಿಂಗಳ ಹೆಸರು ಹೇಳುತ್ತಿದ್ದೆ. ಅವರು ಆ ತಿಂಗಳನ್ನು ಲೆಕ್ಕ ಇಟ್ಟುಕೊಳ್ಳುತ್ತಿದ್ದರೆಂಬುದು ಅವರು ಹೋದ ಮೇಲೆ ಕಾಕಾ ಹೇಳಿದಾಗ ತಿಳಿಯಿತು.

ಎಳ್ಳ ಅಮಾವಾಸ್ಯೆಯ ಆ ಸಂಜೆಯ ನಂತರ ನಾನು ಕಾಕಾನನ್ನು ಕಲಬುರಗಿಗೆ ಕರೆತಂದೆ. ಇದರಿಂದ ಎಲ್ಲವೂ ಸರಿಹೋಯಿತೆಂದು ಬರೆಯಬಹುದಿತ್ತು, ಹಾಗಾಗಲಿಲ್ಲ. ಮೂರನೆಯ ಮಹಡಿಯ ನಮ್ಮ ಮನೆಯಲ್ಲಿ ಅವರು ದಿನವಿಡೀ ಬಾಲ್ಕನಿಯಲ್ಲಿ ಕೂತರು. ಕೆಳಗೆ ಆಟೋಗಳು, ಎದುರಿಗೆ ಅಂಗಡಿಗಳು, ಮೇಲೆ ಕೆಳಗೆ ಹತ್ತು ಸಂಸಾರಗಳು. ಹೊಲದಲ್ಲಿ ಬಿಡದೆ ಮಾತನಾಡುತ್ತಿದ್ದ ಮನುಷ್ಯ ಇಲ್ಲಿ ಬಾಯಿ ಬಿಡಲಿಲ್ಲ. ಶರಣಬಸವೇಶ್ವರ ಗುಡಿಗೆ ಕರೆದೊಯ್ದೆ. ಅಪ್ಪನ ಕೆರೆಯ ದಂಡೆಯ ಮೇಲೆ ಕೂಡಿಸಿದೆ. ಇಪ್ಪತ್ತು ದಿನಗಳ ಮೇಲೆ ಗಂಟು ಕಟ್ಟಿಕೊಂಡರು. ಕಾರಣ ಕೇಳಿದಾಗ ಹೇಳಿದರು: ‘ಇಲ್ಲಿ ಯಾರ ಹೊಲದಾಗ ಏನ್ ಬಿತ್ಯಾರ ಅಂತ ಕೇಳಲಾಕ ಬರಂಗಿಲ್ಲ ನೋಡು.’

ಅವರಿಗೆ ಬೇಕಾಗಿದ್ದದ್ದು ಜನವಲ್ಲ, ತಮ್ಮ ಲೋಕ ಗೊತ್ತಿದ್ದ ಒಂದು ಕಿವಿ. ಯಶವಂತರಾಯ ಮುಂಬಯಿಯ ಜನಸಾಗರದಲ್ಲಿ ಒಂಟಿಯಾದದ್ದೂ ಗೋಪಾಲಯ್ಯ ಕಾಡಿನಲ್ಲಿ ಒಬ್ಬ ದಾರಿಹೋಕನಿಂದ ತುಂಬಿಕೊಂಡದ್ದೂ ಆಗ ಒಟ್ಟಿಗೆ ಅರ್ಥವಾದವು. ಕಾದಂಬರಿಯ ಅತಿಥಿ ಒಳ್ಳೆಯ ಕೇಳುಗ. ಗೋಪಾಲಯ್ಯನವರ ತೋಟ ಕಂಡು ಬೆರಗಾಗುತ್ತಾನೆ, ಪ್ರಶ್ನೆ ಕೇಳುತ್ತಾನೆ, ಅವರ ಬದುಕಿನ ಶ್ರಮ ಆತನಿಗೆ ತಿಳಿಯುತ್ತದೆ. ಆ ಮುದುಕರಿಗೆ ದಕ್ಕಿದ ಸುಖ ಅದು. ಹಾಗೆ ನೋಡಿದರೆ ಗೋಪಾಲಯ್ಯನವರ ಜೀವನೋತ್ಸಾಹವನ್ನು ಹೊಗಳಿದವರೂ ಪೂರ್ತಿ ತಪ್ಪಲ್ಲ. ಉತ್ಸಾಹವಿತ್ತು, ಅದಕ್ಕೆ ಬೆಲೆ ತೆರಲಾಗುತ್ತಿತ್ತು, ಮತ್ತು ಆ ಬೆಲೆಯನ್ನು ಆ ಮನೆಯಲ್ಲಿ ಇಬ್ಬರು ತೆರುತ್ತಿದ್ದರು.

ನಮ್ಮ ಹಳ್ಳಿಗಳಿಂದ ಮಕ್ಕಳು ಪುಣೆ, ಮುಂಬಯಿ, ಹೈದರಾಬಾದು, ಬೆಂಗಳೂರುಗಳಿಗೆ ಹೋಗುತ್ತಿದ್ದಾರೆ. ಇಂದು ಶಂಭು ಒಬ್ಬನಲ್ಲ, ಮನೆಗೊಬ್ಬ. ‘ಬೆಟ್ಟದ ಜೀವ’ವನ್ನು ಓದುವ ನಮ್ಮಂಥ ಪಟ್ಟಣಿಗರು ಹೆಚ್ಚಿನವರು ಶಂಭುವಿನ ಪಕ್ಷದವರು. ಹಾಗಿದ್ದೂ ಓದುವಾಗ ಅತಿಥಿಯ ಜಾಗದಲ್ಲಿ ಕೂತು ಉಪಚಾರ ಮಾಡಿಸಿಕೊಳ್ಳುತ್ತೇವೆ. ಪುಸ್ತಕ ಮುಚ್ಚಿ ‘ಎಂಥ ಧೀಮಂತ ಮುದುಕ!’ ಎನ್ನುತ್ತೇವೆ. ಆ ಉದ್ಗಾರ ನಮಗೆ ಎಷ್ಟು ಅನುಕೂಲವಾದದ್ದೆಂದು ಒಮ್ಮೆ ಕೇಳಿಕೊಳ್ಳುವುದು ಒಳ್ಳೆಯದು. ಕಾದಂಬರಿಯನ್ನು ಇನ್ನೊಮ್ಮೆ ತೆಗೆಯುವವರು ಶಂಭುವಾಗಿ ಓದಿ ನೋಡಲಿ. ಪುಟಗಳು ಅಷ್ಟೇ ಇರುತ್ತವೆ. ಓದಿ ಮುಗಿಸುವುದು ಕಷ್ಟವಾಗುತ್ತದೆ.

ಕಾಕಾ ಹೊಲದಲ್ಲಿಯೇ ಇದ್ದಾರೆ. ನಾನು ಭಾನುವಾರಗಳಂದು ಕಮಲಾಪುರದ ಬಸ್ಸು ಹತ್ತುತ್ತೇನೆ, ಎಲ್ಲ ಭಾನುವಾರಗಳಲ್ಲ. ಹೋದ ವಾರ ಕಡೆಯ ಬಸ್ಸನ್ನು ಬೇಕೆಂದೇ ತಪ್ಪಿಸಿಕೊಂಡೆ. ರಾತ್ರಿ ರೊಟ್ಟಿ, ಶೇಂಗಾ ಹಿಂಡಿ ತಿಂದು ಹೊರಗೆ ಹೊರಸು ಹಾಕಿಕೊಂಡೆವು. ದೂರದಲ್ಲಿ ರಸ್ತೆಯ ಮೇಲೆ ಲಾರಿಯ ದೀಪವೊಂದು ಹೋಯಿತು. ಕಾಕಾ ಬೇವಿನ ಸಸಿಯ ಕಥೆಯನ್ನು ಆರಂಭಿಸಿದರು. ಅದನ್ನು ಎಷ್ಟನೆಯ ಸಲ ಕೇಳುತ್ತಿದ್ದೆನೋ ತಿಳಿಯದು. ಆದರೆ ಈ ಸಲ ಒಂದು ಸಂಗತಿ ಹೊಸದಾಗಿ ಬಂತು. ಸಸಿ ನೆಟ್ಟವರು ತಾವಲ್ಲ, ಕಾಕು. ತಾವು ಬರೀ ಬೇಲಿ ಕಟ್ಟಿದ್ದರು.